ರಾಮಕೃಷ್ಣ ಪರಂಪರೆ

ರಾಮಕೃಷ್ಣ ಪರಂಪರೆ ಎಂಬುದು ಬಂಗಾಳದ ಅನುಭಾವಿ ಶ್ರೀ ರಾಮಕೃಷ್ಣ ಪರಮಹಂಸರ (1836–1886) ಸಾಧನೆ ಹಾಗೂ ಬೋಧನೆಗಳನ್ನು ಆಧರಿಸಿ ಹುಟ್ಟಿದ ಆಧುನಿಕ ಧಾರ್ಮಿಕ ಪಂಥ. ಇದರ ಕೇಂದ್ರ ಕೋಲ್ಕತ್ತಾ ಸಮೀಪದ ಹೂಗ್ಲಿ ನದಿಯ ದಡದಲ್ಲಿರುವ ಬೇಲೂರು ಮಠ (ಹಾಸನ ಜಿಲ್ಲೆಯ ಬೇಲೂರಿಗೂ ಇದಕ್ಕೂ ಸಂಬಂಧವಿಲ್ಲ). ಕರ್ನಾಟಕದಲ್ಲಿ ಬೆಂಗಳೂರು, ಮೈಸೂರು, ಮಂಗಳೂರು, ಪೊನ್ನಂಪೇಟೆ ಮೊದಲಾದೆಡೆ ಇದರ ಶಾಖೆಗಳಿವೆ. ಮೈಸೂರಿನ ಶಾಖೆ ಯಾದವಗಿರಿ ಬಡಾವಣೆಯಲ್ಲಿದೆ. ತನಗೆ ಪ್ರತ್ಯೇಕವಾದ ಗುರು, ಗ್ರಂಥ, ಲಾಂಛನ, ದೀಕ್ಷೆ ಮತ್ತು ಪೂಜಾಕ್ರಮಗಳಿದ್ದರೂ ತಾನು ಹೊಸ ಮತವಲ್ಲವೆಂದೇ ಈ ಪರಂಪರೆ ಹೇಳಿಕೊಂಡು ಬಂದಿದೆ. ಇದು ಪ್ರತ್ಯೇಕ ಧರ್ಮವೇ ಎಂಬ ಪ್ರಶ್ನೆ 20ನೆಯ ಶತಮಾನದ ಕೊನೆಯಲ್ಲಿ ಸರ್ವೋಚ್ಚ ನ್ಯಾಯಾಲಯದವರೆಗೂ ಹೋಯಿತು.

ಹಿನ್ನೆಲೆ

ದಕ್ಷಿಣೇಶ್ವರದ ಕಾಳಿ ದೇವಾಲಯದಲ್ಲಿ ಅರ್ಚಕರಾಗಿದ್ದ ರಾಮಕೃಷ್ಣರು ಶಾಸ್ತ್ರಾಧ್ಯಯನದಿಂದಲ್ಲ, ತೀವ್ರವಾದ ಹಂಬಲದಿಂದ ದೈವಸಾಕ್ಷಾತ್ಕಾರಕ್ಕೆ ತೊಡಗಿದವರು. ಭೈರವೀ ಬ್ರಾಹ್ಮಣಿ ಎಂಬ ಸಂನ್ಯಾಸಿನಿಯ ಮಾರ್ಗದರ್ಶನದಲ್ಲಿ ತಂತ್ರಸಾಧನೆಯನ್ನೂ, ತೋತಾಪುರಿ ಎಂಬ ಪರಿವ್ರಾಜಕನಿಂದ ಅದ್ವೈತ ಸಾಧನೆಯನ್ನೂ ಅವರು ಕೈಗೊಂಡರು. ಆ ಬಳಿಕ ಸ್ವಲ್ಪಕಾಲ ಇಸ್ಲಾಂ ಕ್ರಮದಲ್ಲಿಯೂ, ಕೆಲವು ವರ್ಷಗಳ ಅನಂತರ ಕ್ರೈಸ್ತ ಭಾವದಲ್ಲಿಯೂ ಸಾಧನೆ ನಡೆಸಿದರೆಂದು ಜೀವನಚರಿತ್ರೆಗಳು ತಿಳಿಸುತ್ತವೆ. ಎಲ್ಲ ಮತಗಳೂ ಒಂದೇ ಗುರಿಗೆ ಒಯ್ಯುವ ದಾರಿಗಳು ಎಂಬ ಪಂಥದ ಮುಖ್ಯ ನಂಬಿಕೆಗೆ ಈ ಅನುಭವಗಳೇ ಆಧಾರ. ಇಲ್ಲಿ ಸರ್ವಧರ್ಮ ಸಮನ್ವಯ ತರ್ಕದಿಂದ ಬಂದ ತೀರ್ಮಾನವಲ್ಲ. ಒಬ್ಬ ವ್ಯಕ್ತಿ ನಡೆದು ನೋಡಿದ ದಾರಿಗಳ ವರದಿ ಎಂಬುದೇ ಅನುಯಾಯಿಗಳ ನಿಲುವು.

ಗುರುವಿನ ನಿಧನಾನಂತರ ಶಿಷ್ಯರಾದ ಸ್ವಾಮಿ ವಿವೇಕಾನಂದರು 1897ರ ಮೇ 1ರಂದು ರಾಮಕೃಷ್ಣ ಮಿಷನ್ ಸ್ಥಾಪಿಸಿದರು. ಅದಕ್ಕೂ ಮುನ್ನ, 1892ರಲ್ಲಿ, ಪರಿವ್ರಾಜಕರಾಗಿ ಮೈಸೂರಿಗೆ ಬಂದಿದ್ದ ಅವರು ದಿವಾನ್ ಕೆ. ಶೇಷಾದ್ರಿ ಅಯ್ಯರ್ ಅವರ ಹಾಗೂ ಮಹಾರಾಜ ಚಾಮರಾಜೇಂದ್ರ ಒಡೆಯರ ಅತಿಥಿಯಾಗಿದ್ದರು. ಅಮೆರಿಕದಿಂದ 1894ರಲ್ಲಿ ಮಹಾರಾಜರಿಗೆ ಬರೆದ ಪತ್ರದಲ್ಲಿ ಬಡಜನರ ಶಿಕ್ಷಣದ ಅಗತ್ಯವನ್ನು ವಿವರಿಸಿದ್ದಾರೆ.

ನಂಬಿಕೆಗಳು

ಪಂಥದ ತಾತ್ತ್ವಿಕ ಭೂಮಿಕೆ ವೇದಾಂತ. ಆದರೆ ಜಗತ್ತು ಮಿಥ್ಯೆ ಎಂಬಲ್ಲಿಗೆ ರಾಮಕೃಷ್ಣರು ನಿಲ್ಲುವುದಿಲ್ಲ. ಮೆಟ್ಟಿಲುಗಳನ್ನು ಒಂದೊಂದಾಗಿ ಬಿಟ್ಟು ಮಾಳಿಗೆಗೆ ಏರಿದವನು, ಮಾಳಿಗೆ ಯಾವ ಇಟ್ಟಿಗೆ ಗಾರೆಗಳಿಂದ ಆಗಿದೆಯೋ ಮೆಟ್ಟಿಲೂ ಅದರಿಂದಲೇ ಆಗಿದೆ ಎಂದು ಅರಿಯುತ್ತಾನೆ ಎಂಬುದು ಅವರು ಬಳಸುತ್ತಿದ್ದ ದೃಷ್ಟಾಂತ. ಮೊದಲಿನ ಅರಿವನ್ನು ಅವರು ಜ್ಞಾನವೆಂದೂ ಎರಡನೆಯದನ್ನು ವಿಜ್ಞಾನವೆಂದೂ ಕರೆದರು (ಇಲ್ಲಿ ವಿಜ್ಞಾನವೆಂದರೆ ಇಂದಿನ ಅರ್ಥದ ವಿಜ್ಞಾನವಲ್ಲ). ಸಾಕಾರವೂ ನಿರಾಕಾರವೂ ಸತ್ಯ; ನಿರ್ಗುಣ ಬ್ರಹ್ಮ ಮತ್ತು ಕಾಳಿ ಬೇರೆಯಲ್ಲ.

ಜೀವನೇ ಶಿವನಾಗಿರುವಾಗ ಅವನಿಗೆ ದಯೆ ತೋರಿಸಲು ನಾವು ಯಾರು, ಸೇವೆಯನ್ನಷ್ಟೇ ಮಾಡಬಹುದು ಎಂಬ ಅವರ ಮಾತಿನ ಆಶಯವನ್ನು ವಿವೇಕಾನಂದರು ಸಂಘಟನೆಯ ತಳಹದಿಯಾಗಿಸಿದರು. ಆಸ್ಪತ್ರೆ, ಶಾಲೆ, ನೆರೆ ಪರಿಹಾರ ಮೊದಲಾದ ಕೆಲಸಗಳು ಆದುದರಿಂದ ಇಲ್ಲಿ ಧರ್ಮಕ್ಕೆ ಹೊರಗಿನ ಸಮಾಜಸೇವೆಯಲ್ಲ, ಪೂಜೆಯ ಒಂದು ರೂಪ. ವಿವೇಕಾನಂದರು ರೂಪಿಸಿದ ಲಾಂಛನದಲ್ಲಿ ಇದೇ ಸಮನ್ವಯವಿದೆ: ಅಲೆಗಳುಳ್ಳ ನೀರು ಕರ್ಮವನ್ನು, ಕಮಲ ಭಕ್ತಿಯನ್ನು, ಉದಯಸೂರ್ಯ ಜ್ಞಾನವನ್ನು, ಸುತ್ತುವರಿದ ಸರ್ಪ ಯೋಗವನ್ನು, ಹಂಸ ಪರಮಾತ್ಮನನ್ನು ಸೂಚಿಸುತ್ತವೆ.

ರಾಮಕೃಷ್ಣರನ್ನು ಅವತಾರವೆಂದು ಭಾವಿಸುವವರು ಬಹುಸಂಖ್ಯಾತರು. ಹಾಗೆ ನಂಬಲೇಬೇಕೆಂಬ ನಿಯಮ ಅನುಯಾಯಿಗಳಿಗಿಲ್ಲ. ಹಿಮಾಲಯದ ಮಾಯಾವತಿಯಲ್ಲಿ 1899ರಲ್ಲಿ ಆರಂಭವಾದ ಅದ್ವೈತ ಆಶ್ರಮದಲ್ಲಿ ರಾಮಕೃಷ್ಣರ ಚಿತ್ರಕ್ಕೂ ಪೂಜೆ ಸಲ್ಲಬಾರದೆಂದು ವಿವೇಕಾನಂದರೇ ವಿಧಿಸಿದರು; ಉಳಿದ ಕೇಂದ್ರಗಳಲ್ಲಿ ಪೂಜೆಯೇ ದಿನಚರಿಯ ನಡುಗಂಬ.

ಆಚರಣೆಗಳು

ನಸುಕಿನ ಮಂಗಳಾರತಿ, ಜಪ ಮತ್ತು ಧ್ಯಾನ, ಪೂಜೆ, ಸಂಧ್ಯಾರತಿ ಇವು ಆಶ್ರಮಗಳ ನಿತ್ಯವಿಧಿ. ಸಂಜೆ ಹಾಡುವ ಆರತಿ ಸ್ತೋತ್ರಗಳನ್ನು ರಚಿಸಿದವರು ವಿವೇಕಾನಂದರು. ಯಾದವಗಿರಿಯಲ್ಲಿಯೂ ಬೇಲೂರಿನಲ್ಲಿಯೂ ಕೇಳುವುದು ಅದೇ ಬಂಗಾಳಿ ಹಾಗೂ ಸಂಸ್ಕೃತ ಸ್ತೋತ್ರಗಳು. ಕೊಡುಕೊಳ್ಳುವಿಕೆ ಒಮ್ಮುಖವಾಗಿಲ್ಲ. ಮಠದ ಮೊದಲ ಅಧ್ಯಕ್ಷರಾದ ಸ್ವಾಮಿ ಬ್ರಹ್ಮಾನಂದರು ದಕ್ಷಿಣ ಭಾರತದ ಪ್ರವಾಸದಲ್ಲಿ ಕೇಳಿ ಮೆಚ್ಚಿದ ರಾಮನಾಮ ಸಂಕೀರ್ತನೆ ಬೇಲೂರು ಮಠವನ್ನು ಸೇರಿ, ಈಗ ಏಕಾದಶಿಯ ಸಂಜೆಗಳಲ್ಲಿ ಎಲ್ಲ ಕೇಂದ್ರಗಳಲ್ಲಿಯೂ ನಡೆಯುತ್ತದೆ. ಊಟದ ವಿಷಯದಲ್ಲಿ ಮಾತ್ರ ಪ್ರಾಂತ್ಯದ ರೂಢಿಯೇ ಮೇಲು: ಬಂಗಾಳದ ಕೇಂದ್ರಗಳಲ್ಲಿ ಮೀನು ನಿಷಿದ್ಧವಲ್ಲ, ದಕ್ಷಿಣದಲ್ಲಿ ಸಸ್ಯಾಹಾರ.

ರಾಮಕೃಷ್ಣರು, ಶಾರದಾದೇವಿ ಮತ್ತು ವಿವೇಕಾನಂದರ ಜಯಂತಿಗಳನ್ನು ತಿಥಿಗನುಸಾರ ಆಚರಿಸಲಾಗುತ್ತದೆ. ಜನವರಿ 1 ಕಲ್ಪತರು ದಿನ. ಡಿಸೆಂಬರ್ 24ರ ಸಂಜೆ ಯೇಸುವಿನ ಚಿತ್ರದ ಮುಂದೆ ದೀಪ ಹಚ್ಚಿ ಬೈಬಲ್ ವಾಚನ ಮಾಡುವ ಪದ್ಧತಿಯೂ ಇದೆ. 1886ರಲ್ಲಿ ಆಂಟ್‌ಪುರ ಎಂಬ ಹಳ್ಳಿಯಲ್ಲಿ ತರುಣ ಶಿಷ್ಯರು ಧುನಿಯ ಮುಂದೆ ಕುಳಿತು ಸಂನ್ಯಾಸದ ಸಂಕಲ್ಪ ಮಾಡಿದ ರಾತ್ರಿ ಕ್ರಿಸ್‌ಮಸ್‌ನ ಮುನ್ನಾದಿನವಾಗಿತ್ತೆಂಬುದು ಅವರಿಗೆ ಆಮೇಲೆ ತಿಳಿಯಿತಂತೆ.

ಗೃಹಸ್ಥ ಭಕ್ತರಿಗೆ ಮಠದ ಅಧ್ಯಕ್ಷರು ಅಥವಾ ಉಪಾಧ್ಯಕ್ಷರು ಮಂತ್ರದೀಕ್ಷೆ ನೀಡುತ್ತಾರೆ. ಇದಕ್ಕೆ ಮತಾಂತರದ ಸ್ವರೂಪವಿಲ್ಲ. ದೀಕ್ಷೆ ಪಡೆದವರು ಮನೆದೇವರನ್ನು ಬಿಡಬೇಕಾಗಿಲ್ಲ. ಸಂನ್ಯಾಸಕ್ಕೆ ಬರುವವರು ಹಲವು ವರ್ಷ ಬ್ರಹ್ಮಚಾರಿಗಳಾಗಿ ಬಿಳಿವಸ್ತ್ರದಲ್ಲಿದ್ದು, ಬೇಲೂರಿನಲ್ಲಿ ಎರಡು ವರ್ಷದ ತರಬೇತಿ ಪಡೆದು, ತರುವಾಯ ಕಾವಿ ಧರಿಸುತ್ತಾರೆ. ಹುಟ್ಟಿದ ಜಾತಿ ಯಾವುದೇ ಇರಲಿ, ಗರ್ಭಗುಡಿಯಲ್ಲಿ ಪೂಜೆ ಮಾಡುವವರು ಈ ಸಂನ್ಯಾಸಿಗಳು ಮತ್ತು ಬ್ರಹ್ಮಚಾರಿಗಳೇ. ಹಳೆಯ ಮಠಗಳ ವ್ಯವಸ್ಥೆಯಿಂದ ಈ ಪಂಥ ಸ್ಪಷ್ಟವಾಗಿ ಬೇರೆಯಾಗುವುದು ಇಲ್ಲಿಯೇ.

ಯಾದವಗಿರಿಯಲ್ಲಿ

ಮೈಸೂರಿನ ಆಶ್ರಮ 1925ರಲ್ಲಿ ಆರಂಭವಾಯಿತು. ಆರಂಭದ ವರ್ಷಗಳಲ್ಲಿ ಅದನ್ನು ನಡೆಸಿದ ಸ್ವಾಮಿ ಸಿದ್ಧೇಶ್ವರಾನಂದರ ಪ್ರಭಾವಕ್ಕೆ ಒಳಗಾದವರಲ್ಲಿ ಕುವೆಂಪು ಪ್ರಮುಖರು. ಮದುವೆಗೆ ಮುನ್ನ ಹಲವು ವರ್ಷ ಆಶ್ರಮದಲ್ಲಿಯೇ ವಾಸವಾಗಿದ್ದ ಕುವೆಂಪು, 1929ರಲ್ಲಿ ಬೇಲೂರು ಮಠದಲ್ಲಿ ಸ್ವಾಮಿ ಶಿವಾನಂದರಿಂದ ದೀಕ್ಷೆ ಪಡೆದರು. ರಾಮಕೃಷ್ಣ, ವಿವೇಕಾನಂದರಿಬ್ಬರ ಜೀವನಚರಿತ್ರೆಗಳನ್ನೂ ಬರೆದರು. ಪುರೋಹಿತಶಾಹಿಯನ್ನು ಕೊನೆಯವರೆಗೂ ಕಟುವಾಗಿ ವಿರೋಧಿಸಿದ, ಮತಗಳಿಂದಲೇ ಬಿಡುಗಡೆಯಾದ ವಿಶ್ವಮಾನವನನ್ನು ಬಯಸಿದ ಕವಿ ಈ ಗುರುಪರಂಪರೆಯನ್ನು ಮಾತ್ರ ಬಿಡಲಿಲ್ಲ ಎಂಬುದು ಗಮನಾರ್ಹ. ಸಿದ್ಧೇಶ್ವರಾನಂದರು 1937ರಲ್ಲಿ ಫ್ರಾನ್ಸಿಗೆ ತೆರಳಿ, ಪ್ಯಾರಿಸ್ ಸಮೀಪದ ಗ್ರೆಟ್ಜ್‌ನಲ್ಲಿ ವೇದಾಂತ ಕೇಂದ್ರ ಕಟ್ಟಿದರು.

ಅನಂತರ ಆಶ್ರಮವನ್ನು ದೀರ್ಘಕಾಲ ನಡೆಸಿದ ಸ್ವಾಮಿ ಶಾಂಭವಾನಂದರ ಕಾಲದಲ್ಲಿ, 1953ರಲ್ಲಿ, ವಸತಿ ಸಹಿತ ರಾಮಕೃಷ್ಣ ವಿದ್ಯಾಶಾಲೆ ಸ್ಥಾಪನೆಯಾಯಿತು. ನೈತಿಕ ಹಾಗೂ ಆಧ್ಯಾತ್ಮಿಕ ಶಿಕ್ಷಣ ಸಂಸ್ಥೆ 1974ರಿಂದ ಕೆಲಸ ಮಾಡುತ್ತಿದೆ. ಕನ್ನಡ ಓದುಗರಿಗೆ ಇವೆರಡಕ್ಕಿಂತ ಹೆಚ್ಚು ಪರಿಚಿತವಾದುದು ಆಶ್ರಮದ ಪ್ರಕಟಣೆಗಳು: ರಾಮಕೃಷ್ಣರ ಸಂಭಾಷಣೆಗಳ ಕನ್ನಡ ರೂಪವಾದ ‘ಶ್ರೀ ರಾಮಕೃಷ್ಣ ವಚನವೇದ’, ವಿವೇಕಾನಂದರ ಸಮಗ್ರ ಕೃತಿಗಳ ಅನುವಾದ ಮತ್ತು ‘ವಿವೇಕಪ್ರಭ’ ಮಾಸಪತ್ರಿಕೆ. ಗ್ರಂಥದ ಹೆಸರಿನಲ್ಲಿ ವಚನ, ವೇದ ಎರಡೂ ಸೇರಿರುವುದು ಕನ್ನಡದ ನೆಲಕ್ಕೆ ಹೊಂದುವ ಆಯ್ಕೆ.

ಪ್ರತ್ಯೇಕ ಧರ್ಮದ ಪ್ರಶ್ನೆ

ಪಶ್ಚಿಮ ಬಂಗಾಳದಲ್ಲಿ ಮಿಷನ್ನಿನ ಕಾಲೇಜುಗಳ ಆಡಳಿತದ ಮೇಲೆ ರಾಜ್ಯ ಸರ್ಕಾರದ ನಿಯಂತ್ರಣ ಕುರಿತು ವಿವಾದ ಎದ್ದಾಗ, 1980ರಲ್ಲಿ ಮಿಷನ್ ಕಲ್ಕತ್ತಾ ಉಚ್ಚ ನ್ಯಾಯಾಲಯದ ಮೊರೆಹೋಯಿತು. ರಾಮಕೃಷ್ಣರ ಧರ್ಮ ಹಿಂದೂ ಧರ್ಮಕ್ಕಿಂತ ಭಿನ್ನವಾದುದು, ಆದಕಾರಣ ಸಂವಿಧಾನದ 30ನೆಯ ವಿಧಿಯಂತೆ ಧಾರ್ಮಿಕ ಅಲ್ಪಸಂಖ್ಯಾತರ ಶಿಕ್ಷಣ ಸಂಸ್ಥೆಗಳಿಗಿರುವ ರಕ್ಷಣೆ ತನಗೂ ಸಲ್ಲಬೇಕು ಎಂಬುದು ವಾದ. ಉಚ್ಚ ನ್ಯಾಯಾಲಯ ಇದನ್ನು ಒಪ್ಪಿತು. ವಿವೇಕಾನಂದರ ವೇದಾಂತವನ್ನು ಹಿಂದೂ ಧರ್ಮದ ಸಾರವೆಂದು ತಿಳಿದಿದ್ದ ಹಲವು ಭಕ್ತರಿಗೆ ಈ ವಾದ ಇರುಸುಮುರುಸು ತಂದಿತು.

1995ರ ಜುಲೈಯಲ್ಲಿ ಸರ್ವೋಚ್ಚ ನ್ಯಾಯಾಲಯ ಆ ತೀರ್ಮಾನವನ್ನು ತಳ್ಳಿಹಾಕಿತು. ರಾಮಕೃಷ್ಣರ ಅನುಯಾಯಿಗಳು ಹಿಂದೂ ಧರ್ಮದೊಳಗಿನ ಒಂದು ಪಂಥ. 26ನೆಯ ವಿಧಿಯ ಹಕ್ಕುಗಳು ಅವರಿಗಿವೆ, ಅಲ್ಪಸಂಖ್ಯಾತ ಧರ್ಮದ ಹಕ್ಕುಗಳಿಲ್ಲ ಎಂದು ಅದು ಹೇಳಿತು. ಕಾಲೇಜುಗಳ ಆಡಳಿತ ಮಂಡಳಿಯ ವಿಷಯದಲ್ಲಿ ಮಿಷನ್ನಿಗೆ ಬೇರೆ ಆಧಾರದ ಮೇಲೆ ಪರಿಹಾರ ದೊರೆಯಿತು. ಕರ್ನಾಟಕದಲ್ಲಿ ಲಿಂಗಾಯತ ಪ್ರತ್ಯೇಕ ಧರ್ಮದ ಬೇಡಿಕೆಯ ಚರ್ಚೆಗಳಲ್ಲಿಯೂ ಈ ತೀರ್ಪು ಪ್ರಸ್ತುತವಾಗುತ್ತದೆ. ಎರಡಕ್ಕೂ ಒಂದು ವ್ಯತ್ಯಾಸವಿದೆ: ಲಿಂಗಾಯತರಲ್ಲಿ ಬೇಡಿಕೆ ಅನುಯಾಯಿಗಳ ಚಳವಳಿಯಾಗಿ ಬೆಳೆಯಿತು, ರಾಮಕೃಷ್ಣ ಪರಂಪರೆಯಲ್ಲಿ ಅದು ಸಂಸ್ಥೆಯ ಕಾನೂನು ವಾದವಾಗಿ ಹುಟ್ಟಿ, ತೀರ್ಪಿನೊಂದಿಗೇ ಮುಗಿಯಿತು.