ಊರನ್ನು ಎಳೆದೊಯ್ದ ರನ್‌ವೇಗಳು

ಬೆಂಗಳೂರಿನ ಸುರಂಜನ್ ದಾಸ್ ರಸ್ತೆಯ ಸಿಗ್ನಲ್‌ನಲ್ಲಿ ದಿನವೂ ಕಾಯುವ ಬಹಳ ಮಂದಿಗೆ ಆ ಹೆಸರಿನವರು ಯಾರೆಂದು ಗೊತ್ತಿರಲಿಕ್ಕಿಲ್ಲ. ಅವರು ವಾಯುಪಡೆಯ ಪರೀಕ್ಷಾ ಪೈಲಟ್. ಭಾರತದಲ್ಲೇ ತಯಾರಾದ ಯುದ್ಧ ಜೆಟ್ ‘ಮಾರುತ್’ ಅನ್ನು 1961ರ ಜೂನ್ 17ರಂದು ಎಚ್ಎಎಲ್ ರನ್‌ವೇಯಿಂದ ಮೊದಲು ಹಾರಿಸಿದವರು. 1970ರ ಜನವರಿಯಲ್ಲಿ ಅದೇ ಜಾತಿಯ ವಿಮಾನ ಬಿದ್ದು ತೀರಿಕೊಂಡರು. ಅಲ್ಲೇ ಸಮೀಪದ ಮುರುಗೇಶ್‌ಪಾಳ್ಯದಲ್ಲಿ ವಿಂಡ್ ಟನಲ್ ರಸ್ತೆಯಿದೆ, ಸ್ವಲ್ಪ ಮುಂದೆ ವಿಮಾನಪುರವಿದೆ. ಕೊನೆಯ ಪ್ರಯಾಣಿಕ ವಿಮಾನ ಹೋಗಿ ಹದಿನೈದು ವರ್ಷಗಳ ಮೇಲಾದರೂ ಆ ಭಾಗದ ವಿಳಾಸಗಳಿಂದ ವಿಮಾನ ಇಳಿದಿಲ್ಲ.

ಬೆಂಗಳೂರಿನ ಬೆಳವಣಿಗೆಯನ್ನು ಕೆರೆ, ಪೇಟೆ, ದಂಡು, ಐಟಿ ಎಂದು ಹೇಳುವುದು ರೂಢಿ. ರನ್‌ವೇಗಳ ಕಡೆಯಿಂದ ಹೇಳಿದರೆ ಕಥೆ ಬೇರೆಯೇ. ಈ ಊರು ವಿಮಾನಕ್ಕೆ ಜಾಗ ಕೊಟ್ಟದ್ದು ಯಾವಾಗಲೂ ಊರಾಚೆ. ಆಮೇಲೆ ಅಲ್ಲಿಗೊಂದು ರಸ್ತೆ ಎಳೆದು, ಅದೇ ರಸ್ತೆ ಹಿಡಿದು ಊರೇ ಹೋಗಿ ವಿಮಾನದ ಪಕ್ಕ ಮನೆ ಕಟ್ಟಿಕೊಂಡಿತು.

ಕೆರೆಯಲ್ಲಿ ಇಳಿದ ವಿಮಾನ

1911ರಲ್ಲಿ ಬೆಲ್ಜಿಯಂನ ಜೂಲ್ಸ್ ಟಿಕ್ ಬೆಂಗಳೂರಿಗೆ ಬಂದು ವಿಮಾನ ಹಾರಿಸಿ ತೋರಿಸಿದಾಗ ಅದು ಬರೀ ಪ್ರದರ್ಶನ. ಅದಕ್ಕೆ ಬಯಲೊಂದು ಸಾಕಿತ್ತು. ಶಾಶ್ವತವಾದ ವಿಮಾನ ನೆಲ ಬಂದದ್ದು ಎರಡನೇ ಮಹಾಯುದ್ಧದ ಜೊತೆಗೆ. ಉದ್ಯಮಿ ವಾಲ್‌ಚಂದ್ ಹೀರಾಚಂದ್ ವಿಮಾನ ಕಾರ್ಖಾನೆಯ ಯೋಜನೆ ಹಿಡಿದು ಬಂದಾಗ ಮೈಸೂರಿನ ದಿವಾನರಾಗಿದ್ದವರು ಮಿರ್ಜಾ ಇಸ್ಮಾಯಿಲ್. ಸಂಸ್ಥಾನ ಊರಿನ ಪೂರ್ವಕ್ಕೆ ಜಮೀನು ಕೊಟ್ಟಿತು, ಬಂಡವಾಳದಲ್ಲೂ 25 ಲಕ್ಷ ರೂಪಾಯಿ ಹಾಕಿತು. 1940ರ ಡಿಸೆಂಬರ್ 23ರಂದು ಹಿಂದೂಸ್ತಾನ್ ಏರ್‌ಕ್ರಾಫ್ಟ್, ಅಂದರೆ ಮುಂದೆ ಎಚ್ಎಎಲ್ ಆದ ಕಾರ್ಖಾನೆ, ಹುಟ್ಟಿತು.

1943ರಲ್ಲಿ ಕಾರ್ಖಾನೆ ಅಮೆರಿಕದ ಸೇನಾ ವಾಯುದಳದ ಕೈಗೆ ಹೋಯಿತು. ಹೊಸ ವಿಮಾನ ಕಟ್ಟುವ ಕೆಲಸ ನಿಂತು, ಯುದ್ಧದಲ್ಲಿ ಸವೆದ ವಿಮಾನಗಳ ರಿಪೇರಿ ಶುರುವಾಯಿತು. ಅವುಗಳಲ್ಲಿ ನೀರಿನ ಮೇಲೆ ಇಳಿಯುವ ಕ್ಯಾಟಲಿನಾಗಳೂ ಇದ್ದವು. ಸಮುದ್ರವಿಲ್ಲದ ಊರಿನಲ್ಲಿ ಅವು ಇಳಿದದ್ದು ಬೆಳ್ಳಂದೂರು ಕೆರೆಗೆ. ನೊರೆಗೆ, ನೀರಿನ ಮೇಲೆ ಹೊತ್ತಿದ ಬೆಂಕಿಗೆ ಸುದ್ದಿಯಾದ ಆ ಕೆರೆ ಒಂದು ಕಾಲಕ್ಕೆ ಈ ಊರಿನ ಜಲ ರನ್‌ವೇ.

ಯುದ್ಧ ಮುಗಿದು ರಿಪೇರಿ ಕೆಲಸ ಇಳಿದಾಗ ಕಾರ್ಖಾನೆ ರೈಲ್ವೆ ಬೋಗಿಗಳನ್ನು ಕಟ್ಟಲು ಕೈಹಾಕಿತು. ಆ ವಿಭಾಗ 1960ರ ದಶಕದ ಮಧ್ಯದಲ್ಲಿ ಹೊಸದಾಗಿ ಹುಟ್ಟಿದ ಬಿಇಎಂಎಲ್‌ಗೆ ಸೇರಿತು. ಅದೇ ಬಿಇಎಂಎಲ್ ಮುಂದೆ ನಮ್ಮ ಮೆಟ್ರೊಗೆ ಬೋಗಿಗಳನ್ನು ಕೊಟ್ಟಿತು. ಅಂದರೆ 2011ರಲ್ಲಿ ಬೈಯಪ್ಪನಹಳ್ಳಿಯಿಂದ ಎಂ.ಜಿ. ರಸ್ತೆಗೆ ಹೊರಟ ಮೊದಲ ಮೆಟ್ರೊ ರೈಲಿನ ವಂಶಾವಳಿ ಹುಡುಕುತ್ತ ಹೋದರೆ ಕೊನೆಗೆ ಸಿಗುವುದು ಒಂದು ವಿಮಾನ ಕಾರ್ಖಾನೆ.

ಬಸ್ಸಿನ ಕಥೆಯೂ ಆ ಕಾಲದಲ್ಲೇ ಶುರು. ಬೆಂಗಳೂರು ಟ್ರಾನ್ಸ್‌ಪೋರ್ಟ್ ಕಂಪನಿ ಆರಂಭವಾದದ್ದೂ 1940ರಲ್ಲೇ. 1956ರಲ್ಲಿ ಅದು ಸರ್ಕಾರದ ವಶಕ್ಕೆ ಬಂದು ಹಳೆಯ ತಲೆಮಾರಿನ ಬಿಟಿಎಸ್ ಆಯಿತು, 1997ರಲ್ಲಿ ಬಿಎಂಟಿಸಿ.

ಮುಚ್ಚಿದರೂ ಮುಗಿಯದ ನಿಲ್ದಾಣ

ಎಚ್ಎಎಲ್ ರನ್‌ವೇ ನಾಗರಿಕರ ಪಾಲಿಗೆ ಒಂದು ಬಾಡಿಗೆ ಮನೆ. ನೆಲ ಎಚ್ಎಎಲ್‌ನದು, ಟರ್ಮಿನಲ್ ವಿಮಾನ ನಿಲ್ದಾಣ ಪ್ರಾಧಿಕಾರದ್ದು. 1990ರ ದಶಕದಲ್ಲಿ ಸಾಫ್ಟ್‌ವೇರ್ ಬಂತು, 2003ರಲ್ಲಿ ಅಗ್ಗದ ಟಿಕೆಟ್ಟಿನ ಏರ್ ಡೆಕ್ಕನ್ ಬಂತು. ಟರ್ಮಿನಲ್ ತನ್ನ ಅಳತೆಯ ಎರಡು ಪಟ್ಟಿಗೂ ಮಿಕ್ಕ ಜನರನ್ನು ಹೊತ್ತಿತು. ಸುತ್ತ ದೊಮ್ಮಲೂರು, ಕೋಡಿಹಳ್ಳಿ, ಮಾರತ್‌ಹಳ್ಳಿ ಒತ್ತಿಕೊಂಡು ಬಂದಿದ್ದರಿಂದ ಬೆಳೆಯಲು ಜಾಗವಿರಲಿಲ್ಲ. 2008ರ ಮೇ 24ರಿಂದ ನಾಗರಿಕ ವಿಮಾನಗಳು ದೇವನಹಳ್ಳಿಗೆ ಹೋದವು.

ಹೋದದ್ದು ಪ್ರಯಾಣಿಕರು ಮಾತ್ರ. 2001ರ ಜನವರಿ 4ರಂದು ತೇಜಸ್ ಯುದ್ಧವಿಮಾನದ ಮೊದಲ ಹಾರಾಟ ಕಂಡ ಆ ನೆಲದಲ್ಲಿ ಪರೀಕ್ಷಾ ಹಾರಾಟ ಇಂದಿಗೂ ನಡೆಯುತ್ತದೆ. ಅದರ ಕೈ ನೆಲಕ್ಕಿಂತ ಆಕಾಶದಲ್ಲಿ ಉದ್ದ. ಪೂರ್ವ ಬೆಂಗಳೂರಿನಲ್ಲಿ ಎತ್ತರದ ಕಟ್ಟಡ ಎಬ್ಬಿಸಬೇಕಾದವರು ಎಚ್ಎಎಲ್‌ನಿಂದ ನಿರಾಕ್ಷೇಪಣಾ ಪತ್ರ ತರಬೇಕು. ಇಂದಿರಾನಗರದ ಸುತ್ತ ಕಟ್ಟಡಗಳು ಎಷ್ಟು ಎತ್ತರಕ್ಕೆ ಹೋಗಬಹುದೆಂಬುದನ್ನು ಜನ ಮರೆತ ಈ ನಿಲ್ದಾಣವೂ ನಿರ್ಧರಿಸುತ್ತದೆ.

ಉತ್ತರದ ಜಕ್ಕೂರಿನ ಕಥೆ ಇದರ ಮಗ್ಗುಲು. ಮೈಸೂರು ಅರಸರ ಬೆಂಬಲದಲ್ಲಿ 1940ರ ದಶಕದ ಕೊನೆಗೆ ಶುರುವಾದ ಸರ್ಕಾರಿ ವೈಮಾನಿಕ ತರಬೇತಿ ಶಾಲೆ 200 ಎಕರೆಗೂ ಮಿಕ್ಕ ನೆಲದಲ್ಲಿದೆ. ಸಣ್ಣ ವಿಮಾನದಲ್ಲಿ ಮೊದಲ ಪಾಠ ಕಲಿತ ಎಷ್ಟೋ ಪೈಲಟ್‌ಗಳು ಇಲ್ಲಿಂದ ಹೊರಟವರು. ದೇವನಹಳ್ಳಿ ನಿಲ್ದಾಣಕ್ಕೆ ಹೋಗುವವರ ಅನುಕೂಲಕ್ಕೆ ಬಳ್ಳಾರಿ ರಸ್ತೆಯ ಮೇಲೆ ಎತ್ತರಿಸಿದ ಹೆದ್ದಾರಿ ಎದ್ದಾಗ ಜಕ್ಕೂರಿನ ರನ್‌ವೇ ಬಳಕೆಗೆ ಮೊಟಕಾಯಿತು: ವಿಮಾನ ಮೇಲೇರುವ ದಾರಿಗೆ ಸೇತುವೆಯೇ ಅಡ್ಡ. ಹೊಸ ವಿಮಾನ ನಿಲ್ದಾಣದ ರಸ್ತೆ ಹಳೆಯ ವಿಮಾನ ನೆಲವನ್ನು ಕುಗ್ಗಿಸಿದ ಉದಾಹರಣೆ ಇನ್ನೆಲ್ಲೂ ಸುಲಭಕ್ಕೆ ಸಿಗದು. ಇನ್ನೂ ಮುಂದಿನ ಯಲಹಂಕ ವಾಯುಪಡೆಯದು; 1996ರಿಂದ ಏರೋ ಇಂಡಿಯಾ ವೈಮಾನಿಕ ಪ್ರದರ್ಶನ ನಡೆಯುವಾಗ ಮಾತ್ರ ಊರಿನವರು ಅತ್ತ ತಲೆಯೆತ್ತಿ ನೋಡುತ್ತಾರೆ.

ವಿಮಾನಕ್ಕಿಂತ ಮೊದಲೇ ಬಂದ ರೈಲು

ಈ ಚರಿತ್ರೆಯ ದೊಡ್ಡ ವ್ಯಂಗ್ಯ ದೇವನಹಳ್ಳಿಯಲ್ಲಿದೆ. ಊರಿನ ನಡುವಿನಿಂದ ಸುಮಾರು 35 ಕಿ.ಮೀ. ದೂರಕ್ಕೆ ನಿಲ್ದಾಣ ಹೋದಾಗ ಎಲ್ಲರೂ ಕೇಳಿದ್ದು ಒಂದೇ: ಅಷ್ಟು ದೂರ ತಲುಪುವುದು ಹೇಗೆ? ಉತ್ತರವಾಗಿ ಬಂದವು ಟ್ಯಾಕ್ಸಿ, ಬಿಎಂಟಿಸಿಯ ವಾಯುವಜ್ರ ಬಸ್ಸು, ಆಮೇಲೆ ಮೇಲ್ಸೇತುವೆ, ಟೋಲ್. ಆ ಹೊತ್ತಿಗೆ ಅದೇ ದಿಕ್ಕಿನಲ್ಲಿ ರೈಲು ಹಳಿ ಬಿದ್ದು ತೊಂಬತ್ತು ವರ್ಷ ದಾಟಿತ್ತು.

ವಿಶ್ವೇಶ್ವರಯ್ಯನವರು ದಿವಾನರಾಗಿದ್ದ ಕಾಲದಲ್ಲಿ, 1915ರಲ್ಲಿ, ಬೆಂಗಳೂರಿನಿಂದ ಯಲಹಂಕ, ದೇವನಹಳ್ಳಿ ಮೇಲೆ ಚಿಕ್ಕಬಳ್ಳಾಪುರಕ್ಕೆ ಎರಡೂವರೆ ಅಡಿ ಅಗಲದ ನ್ಯಾರೋಗೇಜ್ ಹಳಿ ಬಂತು. ದಂಡು ಪ್ರದೇಶವನ್ನು ಜೋಲಾರಪೇಟೆಗೆ ಜೋಡಿಸಿದ 1864ರ ಮಾರ್ಗ ಮದ್ರಾಸಿನ ಕಡೆ ಮುಖ ಮಾಡಿದ್ದರೆ, ಇದು ಸುತ್ತಲ ಹಳ್ಳಿ–ಪೇಟೆಗಳ ರೈಲು. ಬೆಟ್ಟಹಲಸೂರು, ದೊಡ್ಡಜಾಲ, ದೇವನಹಳ್ಳಿ, ಆವತಿಹಳ್ಳಿ, ನಂದಿ ಹಾಲ್ಟ್‌ಗಳಲ್ಲಿ ಹೆಂಚಿನ ಮಾಡಿನ ಪುಟ್ಟ ನಿಲ್ದಾಣಗಳು ಎದ್ದವು. ಮುಂದೆ ಹಳಿ ಬ್ರಾಡ್‌ಗೇಜ್ ಆಯಿತು, ನಿಲ್ದಾಣಗಳು ಪಾಳುಬಿದ್ದವು. ಈಚೆಗೆ ಪರಂಪರೆ ಸಂರಕ್ಷಣೆಯ ಇಂಟ್ಯಾಕ್ ಸಂಸ್ಥೆ ಅವುಗಳ ಜೀರ್ಣೋದ್ಧಾರಕ್ಕೆ ಕೈಜೋಡಿಸಿತು.

ವಿಮಾನ ನಿಲ್ದಾಣದ ಮಗ್ಗುಲಲ್ಲೇ ಹಾದುಹೋಗುವ ಈ ಹಳಿಯ ಮೇಲೆ ಪ್ರಯಾಣಿಕರಿಗಾಗಿ ಒಂದು ಹಾಲ್ಟ್ ಸ್ಟೇಷನ್ ತೆರೆದದ್ದು 2021ರ ಜನವರಿಯಲ್ಲಿ. ಹಳಿಯೂ ಇತ್ತು, ನಿಲ್ದಾಣವೂ ಇತ್ತು. ಎರಡಕ್ಕೂ ಒಂದು ಪ್ಲಾಟ್‌ಫಾರಂ ಜೋಡಿಸಲು ಹನ್ನೆರಡು ವರ್ಷ ಹಿಡಿಯಿತು. ಓಡುವ ರೈಲುಗಳು ಕೆಲವೇ. ವಿಮಾನದ ವೇಳೆಗೆ ಅವು ಹೊಂದುವುದು ಅಪರೂಪ. ಇದೇ ದಾರಿಯನ್ನು ಉಪನಗರ ರೈಲಿನ ‘ಸಂಪಿಗೆ’ ಮಾರ್ಗವೆಂದು ಗುರುತಿಸಿ, ಇಡೀ ಯೋಜನೆಗೆ 2022ರ ಜೂನ್‌ನಲ್ಲಿ ಶಂಕುಸ್ಥಾಪನೆಯಾಗಿದೆ. ಮೆಟ್ರೊ ಕೂಡ ಹೆಬ್ಬಾಳದ ಮೇಲೆ ದೇವನಹಳ್ಳಿ ಕಡೆ ಕಂಬ ನೆಟ್ಟು ಹೊರಟಿದೆ.

ಎರಡನೆಯದಕ್ಕೆ ಮುಂಚೆ

ಈಗ ಎರಡನೇ ವಿಮಾನ ನಿಲ್ದಾಣದ ಮಾತು. ದೇವನಹಳ್ಳಿ ನಿಲ್ದಾಣದ ಒಪ್ಪಂದದ ಪ್ರಕಾರ 25 ವರ್ಷ ಕಾಲ, 2033ರವರೆಗೆ, ಮೈಸೂರು ಮತ್ತು ಹಾಸನ ಬಿಟ್ಟು 150 ಕಿ.ಮೀ. ವ್ಯಾಪ್ತಿಯಲ್ಲಿ ಪೈಪೋಟಿಯ ನಿಲ್ದಾಣ ಬರುವಂತಿಲ್ಲ. ಆ ಗಡುವನ್ನು ಮುಂದಿಟ್ಟುಕೊಂಡೇ ಕನಕಪುರ ರಸ್ತೆಯ, ನೆಲಮಂಗಲದ ಕಡೆಯ ಜಾಗಗಳ ಹೆಸರು ಓಡಾಡುತ್ತಿವೆ. ಹೆಸರು ಓಡಾಡಿದ ಕಡೆಗೆ ಸೈಟು ಕೊಳ್ಳುವವರೂ ಓಡುತ್ತಾರೆ. ಆ ಲೆಕ್ಕದಲ್ಲಿ ಊರು ಎಂಬತ್ತು ವರ್ಷದಿಂದ ಬದಲಾಗಿಲ್ಲ.

ಬದಲಾಗಬೇಕಾದದ್ದು ಅನುಕ್ರಮ. ಈವರೆಗೆ ಮೊದಲು ರನ್‌ವೇ, ಆಮೇಲೆ ರಸ್ತೆ, ರಸ್ತೆ ಕಟ್ಟಿಕೊಂಡ ಮೇಲೆ ಸೇತುವೆ, ಎಲ್ಲ ಸೋತ ಮೇಲೆ ರೈಲು. ಜಾಗ ಗೊತ್ತುಮಾಡುವ ಸಮಿತಿಗಳು ವಿಮಾನ ಎಲ್ಲಿ ಇಳಿಯಬಹುದೆಂದು ನೋಡುವ ಮುನ್ನ ಹಳಿ ಎಲ್ಲಿದೆ ಎಂದು ನೋಡಲಿ. ಮುಂದಿನ ನಿಲ್ದಾಣ ತೆರೆಯುವ ದಿನ ಮೊದಲ ವಿಮಾನಕ್ಕಿಂತ ಮೊದಲ ರೈಲು ಅಲ್ಲಿಗೆ ತಲುಪಿರಬೇಕು. 1915ರಲ್ಲಿ ತಲುಪಿತ್ತು, ಅದಕ್ಕೆ ತಂತ್ರಜ್ಞಾನದ ನೆಪ ಹೇಳಲಾಗದು.