ಟಿ.ವಿ. ಕೊಳ್ಳುವ ಮುನ್ನ ಗೋಡೆ ನೋಡಿ

ನಿಮ್ಮ ಮನೆಗೆ ಟಿ.ವಿ. ಕೊಳ್ಳುವಾಗ ಅಂಗಡಿಯಲ್ಲಿ ಎಷ್ಟು ಹೊತ್ತು ನಿಂತಿದ್ದಿರಿ? ಹತ್ತು ನಿಮಿಷ? ಹದಿನೈದು? ಮದುವೆಯ ಸೀರೆಗೆ ಅರ್ಧ ದಿನ ಕಳೆಯುವ ನಾವು, ಲಕ್ಷ ರೂಪಾಯಿಯ ಟಿ.ವಿ.ಯನ್ನು ಮಾತ್ರ ಅದರ ಹೊಳಪಿಗೆ ಮರುಳಾಗಿ ನಿಂತ ನಿಲುವಿನಲ್ಲೇ ಕೊಂಡುಬಿಡುತ್ತೇವೆ. ಮನೆಗೆ ತಂದ ಮೇಲೆ, 'ಅಂಗಡಿಯಲ್ಲಿ ಹೀಗಿರಲಿಲ್ಲವಲ್ಲ' ಎಂದು ಪರಿತಪಿಸುತ್ತೇವೆ.

ನನ್ನ ಆಪಾಳನ್ನು ಗಂಗಾವತಿ ತಾಲೂಕಿನ ಹೇಮಗುಡ್ಡಕ್ಕೆ ಕೊಟ್ಟಿದೆ. ಕಳೆದ ಸಲ ಹೋದಾಗ ಅವರ ಮನೆಯಲ್ಲಿ ಇದೇ ಚರ್ಚೆ. ಭತ್ತ ಮಾರಿದ ಹಣ ಕೈಯಲ್ಲಿತ್ತು. ಬೆಂಗಳೂರಿನಲ್ಲಿ ಓದುವ ಮಗ ಗೆಳೆಯನ ಮನೆಯಲ್ಲಿ ಒಂದು ಟಿ.ವಿ. ನೋಡಿ ಬಂದಿದ್ದ. ಪರದೆಯ ಮೇಲೆ ಸಮುದ್ರ ಬಂದರೆ ಹಿಂದಿನ ಗೋಡೆಯೆಲ್ಲ ನೀಲಿ, ಸೂರ್ಯಾಸ್ತ ಬಂದರೆ ಗೋಡೆಯೆಲ್ಲ ಕೇಸರಿ. "ಅಬ್ಬಾ, ಗ್ವಾಡಿ ಸುದ್ದಾ ಬಣ್ಣ ಬದಲಿಸತೈತ್ರಿ" ಎಂದು ಅವನು ಭಾವನ ಬೆನ್ನು ಬಿದ್ದಿದ್ದ. ಬೆಲೆ ಒಂದೂವರೆ ಲಕ್ಷದ ಆಸುಪಾಸು. ಭಾವ ಸುಮ್ಮನಿದ್ದರು. 2024ರ ಆಗಸ್ಟ್ 10ರ ರಾತ್ರಿ ತುಂಗಭದ್ರಾ ಜಲಾಶಯದ 19ನೇ ಕ್ರಸ್ಟ್ ಗೇಟ್ ಕೊಚ್ಚಿಹೋದಾಗ ಈ ಸೀಮೆಯ ರೈತರು ಕಳೆದ ದಿನಗಳನ್ನು ಅವರು ಮರೆತಿಲ್ಲ. ಒಂದು ಬೆಳೆಯ ದುಡ್ಡು ಎಂದರೆ ಏನೆಂದು ಅವರಿಗೆ ಗೊತ್ತು.

ಮೂಲೆಯಲ್ಲಿ ಕೂತಿದ್ದ ಆಪಾಳ ಅತ್ತೆಯನ್ನು ಯಾರೂ ಕೇಳಿರಲಿಲ್ಲ. ಮಕ್ಕಳಂತೆ ನಾನೂ ಅವರನ್ನು ದಾದಿಮಾ ಎಂದೇ ಕರೆಯುತ್ತೇನೆ. ನಾನು ಕೇಳಿದೆ. "ನನಗ ಬಣ್ಣ ಬ್ಯಾಡಪ್ಪಾ, ಸುದ್ದಿ ಓದೋರು ಏನ್ ಹೇಳ್ತಾರಂತ ಕೇಳಿಸಿದರ ಸಾಕು" ಎಂದರು.

ದಾದಿಮಾಗೆ ಟಿ.ವಿ. ಹೊಸದಲ್ಲ ಎಂಬುದನ್ನು ಇಲ್ಲಿ ಹೇಳಲೇಬೇಕು. ಇಂದಿನ ಕೊಪ್ಪಳ ಜಿಲ್ಲೆಯ ಊರುಗಳೆಲ್ಲ ಆಗ ರಾಯಚೂರು ಜಿಲ್ಲೆಯಲ್ಲಿದ್ದವು. 1975ರ ಆಗಸ್ಟ್ 1ರಿಂದ 1976ರ ಜುಲೈ 31ರವರೆಗೆ ಅಮೆರಿಕದ ಎಟಿಎಸ್-6 ಉಪಗ್ರಹದ ಮೂಲಕ ಆರು ರಾಜ್ಯಗಳ ಸುಮಾರು 2,400 ಹಳ್ಳಿಗಳಿಗೆ 'ಸೈಟ್' ಎಂಬ ಹೆಸರಿನಲ್ಲಿ ಟಿ.ವಿ. ಕಾರ್ಯಕ್ರಮ ತಲುಪಿತು. ಕರ್ನಾಟಕದಲ್ಲಿ ಅದಕ್ಕೆ ಆಯ್ಕೆಯಾದದ್ದು ರಾಯಚೂರು, ಗುಲ್ಬರ್ಗಾ, ಬಿಜಾಪುರ ಜಿಲ್ಲೆಗಳು. ಕೋಳಿಗೂಡಿನ ತಂತಿಬಲೆಯಿಂದ ಮಾಡಿದ ಹತ್ತು ಅಡಿ ಅಗಲದ ಆಂಟೆನಾ, ಊರಿಗೊಂದು ಕಪ್ಪು ಬಿಳುಪು ಪೆಟ್ಟಿಗೆ. ತವರೂರಿನ ಶಾಲೆಯ ಮುಂದೆ ಜನರ ಹಿಂದೆ ನಿಂತು ಅದನ್ನು ನೋಡಿದ್ದು ಅವರಿಗೆ ಇಂದಿಗೂ ನೆನಪಿದೆ. ನಮ್ಮ ದೇಶದಲ್ಲಿ ಟಿ.ವಿ.ಗೆ ಬಣ್ಣ ಬಂದದ್ದು 1982ರಲ್ಲಿ, ದಿಲ್ಲಿಯ ಏಷ್ಯನ್ ಕ್ರೀಡಾಕೂಟದ ವರ್ಷ.

ಮರುದಿನ ಗಂಗಾವತಿಗೆ ಹೊರಟೆವು. ಹೊರಡುವ ಮುಂಚೆ ನಾನು ಪಡಸಾಲೆಯನ್ನು ಟೇಪು ಹಿಡಿದು ಅಳೆದೆ. ನೀವೂ ಹೀಗೆಯೇ ಮಾಡಿ. ನೀವು ಕೂರುವ ಜಾಗದಿಂದ ಗೋಡೆಗೆ ಎಷ್ಟು ಅಡಿ? 4ಕೆ ಟಿ.ವಿ.ಯಾದರೆ ಪರದೆಯ ಮೂಲೆಯಿಂದ ಮೂಲೆಗೆ ಇರುವ ಅಳತೆಯ ಒಂದೂವರೆ ಪಟ್ಟು ದೂರ ಸಾಕು. 55 ಇಂಚಿಗೆ ಸುಮಾರು ಏಳು ಅಡಿ, 65 ಇಂಚಿಗೆ ಎಂಟು ಅಡಿ. ಆದರೆ ನಿಮ್ಮ ಮನೆಯವರು ದಿನವಿಡೀ ನೋಡುವುದು ಡಿಶ್‌ನ ಸಾಮಾನ್ಯ ಚಾನೆಲ್ಲುಗಳನ್ನೇ ಆದರೆ ತುಸು ಹಿಂದೆ ಕೂರುವುದೇ ಲೇಸು. ಆ ಚಿತ್ರದಲ್ಲಿರುವುದು ಸುಮಾರು ನಾಲ್ಕು ಲಕ್ಷ ಚುಕ್ಕಿಗಳು. 4ಕೆ ಪರದೆಯಲ್ಲಿ ಇರುವುದು 83 ಲಕ್ಷ. ನಡುವಿನ ಕೊರತೆಯನ್ನು ಟಿ.ವಿ. ತಾನೇ ಊಹಿಸಿ ತುಂಬಬೇಕು. ಹತ್ತಿರ ಕೂತರೆ ಅದರ ಊಹೆ ಬಯಲಾಗುತ್ತದೆ!

ಎತ್ತರದ ಮಾತೂ ಇದೆ. ನಮ್ಮಲ್ಲಿ ಟಿ.ವಿ.ಯನ್ನು ಗೋಡೆಯ ಮೇಲೆ ಕ್ಯಾಲೆಂಡರಿನ ಎತ್ತರಕ್ಕೆ ಮೊಳೆ ಹೊಡೆಯುವ ರೂಢಿ. ಆಪಾಳ ಮನೆಯಲ್ಲಿ ಎಲ್ಲರೂ ಜಮಖಾನದ ಮೇಲೆ ಕೂರುವವರು. ನೆಲದಲ್ಲಿ ಕೂತವರ ಕಣ್ಣು ನೆಲದಿಂದ ಎರಡೂವರೆ ಅಡಿಯಷ್ಟೇ ಮೇಲಿರುತ್ತದೆ. ಪರದೆಯ ನಡುಭಾಗ ಅದಕ್ಕೆ ಸಮೀಪ ಇರಬೇಕು, ಇಲ್ಲವಾದರೆ ಕುತ್ತಿಗೆ ನೋವು ಖಚಿತ.

ಒಂದಕ್ಷರದ ಮೋಸ

ಅಂಗಡಿಯಲ್ಲಿ ಓಎಲ್‌ಇಡಿ, ಕ್ಯೂಎಲ್‌ಇಡಿ, ಮಿನಿ ಎಲ್‌ಇಡಿ ಎಂಬ ಹೆಸರುಗಳು ನಿಮ್ಮನ್ನು ಎದುರುಗೊಳ್ಳುತ್ತವೆ. ಮೊದಲೆರಡರ ಹೆಸರಿನಲ್ಲಿ ಒಂದಕ್ಷರದ ವ್ಯತ್ಯಾಸವಾದರೂ ಗುಣದಲ್ಲಿ ಅಜಗಜಾಂತರ. ಓಎಲ್‌ಇಡಿಯಲ್ಲಿ ಪ್ರತಿಯೊಂದು ಚುಕ್ಕಿಯೂ ತಾನೇ ಉರಿಯುತ್ತದೆ, ತಾನೇ ಆರುತ್ತದೆ. ಆದ್ದರಿಂದ ಕಪ್ಪು ಎಂದರೆ ಅಮಾವಾಸ್ಯೆಯ ಕಪ್ಪು. ಕ್ಯೂಎಲ್‌ಇಡಿ ಹಾಗಲ್ಲ. ಅದು ಹಿಂದಿನಿಂದ ಬೆಳಕು ಬಿಡುವ ಎಲ್‌ಸಿಡಿಯೇ, ಬಣ್ಣ ಚೆನ್ನಾಗಿ ಕಾಣಲೆಂದು ಒಂದು ವಿಶೇಷ ಪದರ ಸೇರಿಸಿರುತ್ತಾರೆ. ಮಿನಿ ಎಲ್‌ಇಡಿಯೂ ಎಲ್‌ಸಿಡಿಯೇ. ಆದರೆ ಹಿಂದಿನ ದೀಪಗಳು ತೀರಾ ಸಣ್ಣವು, ಸಾವಿರಾರು ಸಂಖ್ಯೆಯಲ್ಲಿರುತ್ತವೆ. ಬೇಕಾದಲ್ಲಿ ಗುಂಪುಗುಂಪಾಗಿ ಆರಿಸಬಹುದು.

ಹಾಗಾದರೆ ಓಎಲ್‌ಇಡಿಯೇ ಶ್ರೇಷ್ಠವಲ್ಲವೇ? ಕತ್ತಲ ಕೋಣೆಯಲ್ಲಿ ಸಿನಿಮಾ ನೋಡುವವರಿಗೆ ಹೌದು. ಆದರೆ ಹೇಮಗುಡ್ಡದಂತಹ ಬಂಡೆಗಲ್ಲಿನ ಸೀಮೆಯ ಬಿಸಿಲನ್ನು ನೀವು ನೋಡಿದ್ದೀರಾ? ಪಡಸಾಲೆಯ ಬಾಗಿಲು ಹಗಲೆಲ್ಲ ತೆರೆದೇ ಇರುತ್ತದೆ. ಆ ಬೆಳಕಿನಲ್ಲಿ ಓಎಲ್‌ಇಡಿಯ ಕಪ್ಪಿನ ಸೊಗಸು ಅರ್ಧ ಕರಗುತ್ತದೆ. ಸುದ್ದಿ ಚಾನೆಲ್ಲನ್ನು ದಿನವಿಡೀ ಹಾಕಿಟ್ಟರೆ, ಅಲುಗಾಡದ ಲೋಗೋ ವರ್ಷಗಳಲ್ಲಿ ಪರದೆಯ ಮೇಲೆ ಕಲೆಯಾಗಿ ಉಳಿಯುವ ಭಯವೂ ಇದೆ. ಅಂತಹ ಮನೆಗೆ ಹೊಳಪು ಹೆಚ್ಚಿರುವ ಮಿನಿ ಎಲ್‌ಇಡಿಯೇ ವಾಸಿ ಎಂಬುದು ನನ್ನ ಅಭಿಪ್ರಾಯ.

ಅಂಗಡಿಯವರು ಚಿತ್ರವನ್ನು 'ವಿವಿಡ್' ಎಂಬ ಕಣ್ಣು ಕುಕ್ಕುವ ವಿಧಾನದಲ್ಲಿ ಇಟ್ಟಿರುತ್ತಾರೆ. ಅದನ್ನು 'ಸಿನಿಮಾ' ಅಥವಾ 'ಫಿಲ್ಮ್‌ಮೇಕರ್' ವಿಧಾನಕ್ಕೆ ಬದಲಿಸಿ ತೋರಿಸಿ ಎನ್ನಿ. ಮುಖದ ಬಣ್ಣ ಮನುಷ್ಯರ ಬಣ್ಣದಂತಿದೆಯೇ ನೋಡಿ. ಪೆನ್ ಡ್ರೈವಿನಲ್ಲಿ ನಿಮ್ಮದೇ ಒಂದು ರಾತ್ರಿ ದೃಶ್ಯ ಒಯ್ಯಿರಿ. ಅಂಗಡಿಯ ಹೂವು, ಹಣ್ಣು, ಗಿಳಿಗಳ ಚಿತ್ರ ಎಂತಹ ಟಿ.ವಿ.ಯಲ್ಲೂ ಚೆನ್ನಾಗಿಯೇ ಕಾಣುತ್ತದೆ.

ದಾದಿಮಾ ಕೇಳಿದ್ದು

ಚಿತ್ರಕ್ಕೆ ಲಕ್ಷ ಕೊಟ್ಟವರು ಧ್ವನಿಯನ್ನು ಮರೆಯುತ್ತಾರೆ. ಪರದೆ ತೆಳ್ಳಗಾದಷ್ಟೂ ಸ್ಪೀಕರಿಗೆ ಜಾಗ ಕಡಿಮೆ. ಅದು ನಮ್ಮೆಡೆಗೆ ಮುಖ ಮಾಡದೆ ಕೆಳಗೋ ಹಿಂದಕ್ಕೋ ಮಾತಾಡುತ್ತದೆ. ಮೇಲಾಗಿ ನಮ್ಮ ಮನೆಗಳ ಶಹಾಬಾದ್ ಕಲ್ಲಿನ ನೆಲ ಮತ್ತು ಬೋಳು ಗೋಡೆಗಳಿಗೆ ಬಡಿದ ಮಾತು ಮರುದನಿಯಾಗಿ ಕಲಸಿಹೋಗುತ್ತದೆ. ವಯಸ್ಸಾದವರು ಧ್ವನಿ ಏರಿಸಿ ಎನ್ನುವುದು ಕಿವಿಯ ದೋಷಕ್ಕೆ ಮಾತ್ರವಲ್ಲ. ಗದ್ದಲ ಏರುತ್ತದೆಯೇ ಹೊರತು ಮಾತು ಸ್ಪಷ್ಟವಾಗುವುದಿಲ್ಲ.

ಇದಕ್ಕೆ ಸೌಂಡ್‌ಬಾರ್ ಬೇಕು. ಡಬ್ಬಿಯ ಮೇಲೆ 2.1 ಎಂದಿದ್ದರೆ ಎಡ, ಬಲ ಮತ್ತು ಗುಡುಗಿಗೊಂದು ಡಬ್ಬಿ. 3.1 ಎಂದಿದ್ದರೆ ನಡುವೆ ಮಾತಿಗೆಂದೇ ಒಂದು ಸ್ಪೀಕರ್ ಹೆಚ್ಚಿಗೆ ಇರುತ್ತದೆ. ಮನೆಯಲ್ಲಿ ಹಿರಿಯರಿದ್ದರೆ ಆ ಮೂರನೆಯದಕ್ಕೆ ಹಣ ಕೊಡಿ. ಟಿ.ವಿ.ಯಲ್ಲಿ ಎಚ್‌ಡಿಎಂಐ 'ಇ-ಆರ್ಕ್' ಎಂದು ಬರೆದ ಕಿಂಡಿ ಇದೆಯೇ ನೋಡಿಕೊಳ್ಳಿ. ಸೂರಿನಿಂದ ಸದ್ದು ಇಳಿಯುವ ಡಾಲ್ಬಿ ಅಟ್ಮಾಸ್ ಬಗ್ಗೆ ಮಾರಾಟಗಾರ ಬಹಳ ಹೇಳುತ್ತಾನೆ. ಮೇಲಕ್ಕೆ ಮುಖ ಮಾಡಿದ ಆ ಸ್ಪೀಕರುಗಳಿಗೆ ಸಪಾಟಾದ, ಗಟ್ಟಿಯಾದ ಸೂರು ಬೇಕು. ಮರದ ತೊಲೆಗಳ ಮಾಳಿಗೆ ಮನೆಯಲ್ಲಿ ಅದು ಹಣ ದಂಡ.

ಇನ್ನು ಮಗ ಮೆಚ್ಚಿದ ಗೋಡೆಯ ಬೆಳಕು. ಫಿಲಿಪ್ಸ್ ಕಂಪೆನಿ 2004ರಲ್ಲಿ 'ಆಂಬಿಲೈಟ್' ಹೆಸರಿನಲ್ಲಿ ಇದನ್ನು ಮಾರುಕಟ್ಟೆಗೆ ತಂದಿತು. ಪರದೆಯ ಅಂಚಿನಲ್ಲಿ ಯಾವ ಬಣ್ಣವಿದೆಯೋ ಅದನ್ನೇ ಟಿ.ವಿ. ಬೆನ್ನಿನ ದೀಪಗಳು ಗೋಡೆಗೆ ಚೆಲ್ಲುತ್ತವೆ. ಈಗ ಬೇರೆ ಟಿ.ವಿ.ಗೂ ಅಂಟಿಸುವ ಪಟ್ಟಿಗಳು ಸಿಗುತ್ತವೆ. ಕೆಲವು ಪುಟ್ಟ ಕ್ಯಾಮೆರಾದಿಂದ ಪರದೆಯನ್ನು ಓದುತ್ತವೆ. ಇನ್ನು ಕೆಲವು ಎಚ್‌ಡಿಎಂಐ ತಂತಿಯ ನಡುವೆ ಪೆಟ್ಟಿಗೆಯಿಟ್ಟು ಓದುತ್ತವೆ. ಈ ಎರಡನೆಯ ಬಗೆ ಟಿ.ವಿ.ಯೊಳಗಿನ ಯೂಟ್ಯೂಬಿಗೆ ಸಾಮಾನ್ಯವಾಗಿ ಸ್ಪಂದಿಸುವುದಿಲ್ಲ ಎಂಬುದನ್ನು ಎಷ್ಟೋ ಜನ ಕೊಂಡ ಮೇಲೆ ತಿಳಿಯುತ್ತಾರೆ.

ಆದರೆ ಬೆಳಕು ಬೀಳುವುದು ಗೋಡೆಯ ಮೇಲೆ ತಾನೇ? ಆಪಾಳ ಪಡಸಾಲೆಯ ಗೋಡೆ ಗಿಳಿಹಸಿರು! ಅದರ ಮೇಲೆ ಕೆಂಪು ಬೆಳಕು ಚೆಲ್ಲಿದರೆ ಕಾಣುವುದು ಮಸುಕು ಮಣ್ಣಿನ ಬಣ್ಣ. ಬಿಳಿ ಅಥವಾ ತಿಳಿ ಬೂದು ಗೋಡೆಯಿದ್ದರೆ ಮಾತ್ರ ಆ ಸೊಬಗು. ಇದರಲ್ಲಿ ನಿಜವಾದ ಉಪಯೋಗವಿರುವುದು ಬಣ್ಣದಲ್ಲಲ್ಲ, ಕಣ್ಣಿಗಾಗುವ ಹಿತದಲ್ಲಿ. ಕತ್ತಲಲ್ಲಿ ಪ್ರಖರ ಪರದೆ ನೋಡಿದರೆ ಕಣ್ಣು ದಣಿಯುತ್ತದೆ, ಹಿಂದೆ ಮಂದ ಬೆಳಕಿದ್ದರೆ ಆ ದಣಿವು ಕಡಿಮೆ. ಅದಕ್ಕೆ 6,500 ಕೆಲ್ವಿನ್‌ನ ಬಿಳಿ ಎಲ್‌ಇಡಿ ಪಟ್ಟಿ ಸಾಕು. ಕೆಲವು ನೂರು ರೂಪಾಯಿ, ಟಿ.ವಿ.ಯ ಯುಎಸ್‌ಬಿ ಕಿಂಡಿಯಿಂದಲೇ ಉರಿಯುತ್ತದೆ.

ದುಡ್ಡಿನ ವಿಷಯದಲ್ಲಿ ಒಂದು ಸಮಾಧಾನ. 2025ರ ಸೆಪ್ಟೆಂಬರ್ 22ರಿಂದ 32 ಇಂಚಿಗಿಂತ ದೊಡ್ಡ ಟಿ.ವಿ.ಗಳ ಜಿಎಸ್‌ಟಿ ಶೇ. 28ರಿಂದ 18ಕ್ಕೆ ಇಳಿಯಿತು. ತೆರಿಗೆಗೆ ಮುಂಚಿನ ಒಂದು ಲಕ್ಷಕ್ಕೆ ಹತ್ತು ಸಾವಿರ ಉಳಿತಾಯ. ಉಳಿದದ್ದರಲ್ಲಿ ಮೊದಲು ಅರ್ಥಿಂಗ್ ಸರಿಪಡಿಸಿ, ಒಳ್ಳೆಯ ಸರ್ಜ್ ರಕ್ಷಕ ಹಾಕಿಸಿ. ಗುಡುಗು ಶುರುವಾದರೆ ಪ್ಲಗ್ ಜೊತೆಗೆ ಡಿಶ್ ತಂತಿಯನ್ನೂ ಕಿತ್ತಿಡಿ. ಪರದೆ ಸುಟ್ಟರೆ ಟಿ.ವಿ.ಯ ಬಹುಪಾಲು ಬೆಲೆ ಅದಕ್ಕೇ ಹೋಗುತ್ತದೆ. ಗಲ್ಫ್‌ನಿಂದ ತರುವ ಯೋಚನೆ ಇದ್ದರೆ ನೆನಪಿಡಿ: 2013ರ ಆಗಸ್ಟ್ 26ರಂದು ಚಪ್ಪಟೆ ಟಿ.ವಿ.ಗಳನ್ನು ಪ್ರಯಾಣಿಕರ ಸುಂಕ ರಿಯಾಯಿತಿಯಿಂದ ಹೊರಗಿಡಲಾಯಿತು. ಸುಂಕ ಎಷ್ಟು, ವಾರಂಟಿ ಇಲ್ಲಿ ನಡೆಯುತ್ತದೆಯೇ ಎಂದು ವಿಚಾರಿಸಿಯೇ ತರಿಸಿ.

ಅಂದು ನಾವು ಬರಿಗೈಯಲ್ಲಿ ಮರಳಿದೆವು. ವಾರದ ನಂತರ ಭಾವ 55 ಇಂಚಿನ ಮಿನಿ ಎಲ್‌ಇಡಿ ಮತ್ತು 3.1 ಸೌಂಡ್‌ಬಾರ್ ತಂದರು. ಎರಡೂ ಸೇರಿ ಒಂದು ಲಕ್ಷದೊಳಗೆ. ಟಿ.ವಿ. ಹಿಂದಿನ ಗೋಡೆಗೆ ಬಿಳಿ ಬಣ್ಣ ಬಳಿಸಿದರು. ಮೊದಲ ಸಂಜೆ ಸುದ್ದಿ ಶುರುವಾದಾಗ ರಿಮೋಟು ಹಿಡಿದಿದ್ದ ಮೊಮ್ಮಗ ಎಂದಿನಂತೆ ಧ್ವನಿ ಏರಿಸಲು ಹೋದ. "ಇಷ್ಟ್ಯಾಕ ಒದರಸ್ತಿ, ಕಡಿಮಿ ಮಾಡೋ" ಎಂದರು ದಾದಿಮಾ. ಅವನು ಮಾತ್ರ ಬಣ್ಣದ ದೀಪ ಎಲ್ಲಿ ಎಂದು ಇನ್ನೂ ಕೇಳುತ್ತಲೇ ಇದ್ದಾನೆ. ಮುಂದಿನ ಸುಗ್ಗಿಗೆ ನೋಡೋಣ ಎಂದು ಭಾವ ಹೇಳಿದ್ದಾರಂತೆ.