ಶರಾವತಿಯ ಪುಟ್ಟ ಮೀಸೆಮೀನು

ಮೊಳಕಾಲ್ಮೂರು ಸೀಮೆಯ ಜಟಿಂಗ ರಾಮೇಶ್ವರ ಬೆಟ್ಟದ ಬಂಡೆಯ ಮೇಲೆ ಅಶೋಕ ಚಕ್ರವರ್ತಿಯ ಶಾಸನವೊಂದಿದೆ. 1892ರಲ್ಲಿ ಬಿ. ಎಲ್. ರೈಸ್ ಅವರು ಬೆಳಕಿಗೆ ತಂದ ಅದರ ಅಕ್ಷರಗಳು ಬಹುಪಾಲು ಸವೆದಿವೆ. ಸಮೀಪದ ಬ್ರಹ್ಮಗಿರಿಯ ಪ್ರತಿಯಿಂದ ತಾತ್ಪರ್ಯ ತಿಳಿಯುತ್ತದೆ: ಗುರುಹಿರಿಯರ ಸೇವೆ, ಸತ್ಯ, ಜೀವದಯೆ. ಅದೇ ಅರಸನು ಉತ್ತರದ ಸ್ತಂಭಶಾಸನದಲ್ಲಿ ಕೊಲ್ಲಬಾರದ ಪ್ರಾಣಿಗಳನ್ನು ಎಣಿಸುವಾಗ ಕೆಲವು ಮೀನುಗಳನ್ನೂ ಹೆಸರಿಸಿದ್ದಾನೆ. ಗೊತ್ತಾದ ದಿನಗಳಲ್ಲಿ ಮೀನು ಮಾರುವುದನ್ನೂ ನಿಷೇಧಿಸಿದ್ದಾನೆ.

ಆದರೆ ಗಾಳವನ್ನು ತಡೆದ ಮಾತ್ರಕ್ಕೆ ಉಳಿಯದ ಮೀನೊಂದು ನಮ್ಮ ನಾಡಿನಲ್ಲಿದೆ. ಅದರ ಶಾಸ್ತ್ರೀಯ ನಾಮ ಬಟಾಸಿಯೊ ಶರಾವತಿಯೆನ್ಸಿಸ್. ಶರಾವತಿಯಲ್ಲಿ ದೊರೆತ ಇದನ್ನು ಭಟ್ ಮತ್ತು ಜಯರಾಮ್ ಎಂಬ ವಿದ್ವಾಂಸರು 2004ರಲ್ಲಿ ಹೊಸ ಪ್ರಭೇದವೆಂದು ವರ್ಣಿಸಿದರು. ಅಂಗೈಯಲ್ಲಿ ಅಡಗುವ ಗಾತ್ರ, ಹುರುಪೆಯಿಲ್ಲದ ನುಣುಪು ಮೈ, ಬಾಯಿಯ ಸುತ್ತ ನಾಲ್ಕು ಜೊತೆ ಮೀಸೆ. ಅಂತರರಾಷ್ಟ್ರೀಯ ಕೆಂಪು ಪಟ್ಟಿಯಲ್ಲಿ ಇದು ಅಳಿವಿನ ಭಯವಿರುವ ಜೀವಿ. ಈ ಕುಲದ ಮೀನುಗಳಿಗೆ ಬೇಕಾದುದು ಕಲ್ಲುಗಳ ನಡುವೆ ರಭಸದಿಂದ ಹರಿಯುವ ತಿಳಿನೀರು. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಮುಗಿದ ಮೇಲೆ ಹೊಳೆಯ ದೊಡ್ಡ ಭಾಗವೇ ನಿಂತ ನೀರಾಯಿತು. ನಮ್ಮ ಮನೆಗಳ ದೀಪ ಉರಿದದ್ದೂ ಅದರಿಂದಲೇ ಎಂಬುದನ್ನು ಮರೆಯಲಾಗದು! ಈಗ ತಳಕಳಲೆ, ಗೇರುಸೊಪ್ಪೆ ಜಲಾಶಯಗಳ ನಡುವೆ 2000 ಮೆಗಾವಾಟಿನ ಮತ್ತೊಂದು ಯೋಜನೆಯ ಮಾತು ನಡೆದಿದೆ. ವಾದಿಸುವವರ ಬಾಯಲ್ಲಿ ಸಿಂಗಳೀಕದ ಹೆಸರು ಬರುತ್ತದೆ. ಈ ಮೀನಿನ ಹೆಸರೆತ್ತುವವರು ವಿರಳ. ಕಟ್ಟೆಯಿಲ್ಲದೆ ಉಳಿದಿರುವ ಹಳ್ಳತೊರೆಗಳನ್ನಾದರೂ ಮರಳು ಬಗೆಯದೆ, ದಡದ ಕಾಡು ಕಡಿಯದೆ ಹರಿಯಲು ಬಿಟ್ಟರೆ ಅದಕ್ಕೊಂದು ನೆಲೆ ಉಳಿದೀತು.